ಕಡಲಹಕ್ಕಿಗೆ ತಿಥಿ ವಡೆ

ಪಟ್ಟಾಭಿರಾಮ ಒಂದು ನಿರ್ಧಾರ ಮಾಡಿದನೆಂದರೆ ಮುಗಿಯಿತು. ಉಳಿದವರು ಸುಸ್ತಾಗುವುದಷ್ಟೇ ಬಾಕಿ!

ಎಂಬತ್ತೆರಡರ ಜನವರಿಯಲ್ಲಿ ಅವನ ನಿರ್ಧಾರ ಕಡಲಹಕ್ಕಿಗಳ ಮೇಲೆ ಬಿತ್ತು. ಚಳಿಗಾಲದಲ್ಲಿ ಮಾರ್ಕೋನಹಳ್ಳಿ ಡ್ಯಾಮಿಗೆ ಅವು ಬರುತ್ತವೆಂದು ಆಫೀಸಿನಲ್ಲಿ ಯಾರೋ ಹೇಳಿದ್ದರು. ನೋಡುವ ಕ್ರಮವನ್ನು ರೇಡಿಯೊ ಭಾಷಣದಿಂದ ಬಾಯಿಪಾಠ ಮಾಡಿಕೊಂಡಿದ್ದ. ದೂರ ನಿಲ್ಲಬೇಕು, ಮಾಸಲು ಬಟ್ಟೆ ಉಡಬೇಕು, ಗದ್ದಲ ಕೂಡದು. ತಿಂಡಿ ಹಾಕುವುದಂತೂ ಮಹಾಪಾಪ!

"ಇಡೀ ತುಮಕೂರಲ್ಲಿ ಹಕ್ಕಿಗೆ ಮರ್ಯಾದೆ ಕೊಟ್ಟು ನೋಡೋನು ನಾನೊಬ್ನೇ ಕಣೇ!" ಎಂದು ಹೆಂಡತಿ ಕೌಸಲ್ಯಳ ಮುಂದೆ ಘೋಷಿಸಿದ.

"ಭಾನುವಾರ ಮಾವನವರ ತಿಥಿ. ಅವ್ರಿಗೂ ಸ್ವಲ್ಪ ಮರ್ಯಾದೆ ಉಳಿಸಿಡಿ."

"ಡ್ಯಾಮ್ ಹತ್ರಾನೇ ಮಾಡೋಣ! ನದೀತೀರ. ಸ್ವಾಮಿಕಾರ್ಯ, ಸ್ವಕಾರ್ಯ ಎರಡೂ ಆಯ್ತು."

ಹೀಗೆ ಸೌದೆ, ಬಾಣಲೆ, ತಾಯಿ ಅಲಮೇಲಮ್ಮ, ಕುಣಿಗಲ್ಲಿನಲ್ಲಿ ಹತ್ತಿಕೊಂಡ ಪುರೋಹಿತ ಸೀತಾರಾಮಯ್ಯ, ಇಷ್ಟನ್ನೂ ಹೊತ್ತ ಬಸ್ಸು ಏದುಸಿರು ಬಿಡುತ್ತ ಮಾರ್ಕೋನಹಳ್ಳಿ ಸೇರಿತು.

ಹೊಂಗೆಮರದಡಿ ಕೌಸಲ್ಯ ಒಲೆ ಹೂಡಿದಳು. "ವಡೆ ನಾಲ್ಕು ಜಾಸ್ತೀನೇ ಹಾಕಮ್ಮಾ," ಎಂದರು ಅಲಮೇಲಮ್ಮ, "ಅವ್ರು ವಡೆ ವಡೆ ಅಂತಾನೇ ಹೋದ್ರು."

ಅಷ್ಟರಲ್ಲಿ ಪಟ್ಟಾಭಿ ಕೆಸರುಬಣ್ಣದ ಪಂಚೆಯುಟ್ಟು ಪ್ರತ್ಯಕ್ಷನಾದ. ಬಿಳಿ ಪಂಚೆಗೆ ಹಕ್ಕಿ ಬೆದರುತ್ತದೆಂದು ಅದನ್ನು ಡಿಕಾಕ್ಷನ್ನಿನಲ್ಲಿ ಅದ್ದಿ ತೆಗೆದಿದ್ದ.

"ಬೆಳಿಗ್ಗೆ ಕಾಫಿ ಯಾಕೆ ನೀರುನೀರಾಗಿತ್ತು ಅಂತ ಈಗ ಗೊತ್ತಾಯ್ತು," ಎಂದಳು ಕೌಸಲ್ಯ.

ನೀರಿನ ನಡುವಿನ ದಿಬ್ಬದಲ್ಲಿ ಕಡಲಹಕ್ಕಿಗಳು ಕೂತಿದ್ದವು. ಬೂದು ಬೆನ್ನು, ಕೆಂಪು ಕೊಕ್ಕು, ಕಣ್ಣಿನ ಹಿಂದೆ ಕಾಡಿಗೆ ಬೊಟ್ಟು! ಪಟ್ಟಾಭಿ ಎರವಲು ತಂದ ಬೈನಾಕ್ಯುಲರ್ ಏರಿಸುವಷ್ಟರಲ್ಲಿ ವಡೆಯ ವಾಸನೆಗೆ ಕಾಗೆಗಳ ಸಂಸಾರವೇ ಬಂದಿಳಿಯಿತು. ಅವುಗಳ ಗಲಾಟೆಗೆ ಅತಿಥಿಗಳು ಎದ್ದು ಹಾರಿದರೆ? ಬಾಯಿ ಬಿಡುವಂತಿಲ್ಲ; ಗದ್ದಲ ನಿಷಿದ್ಧ. ಟವೆಲ್ ಬೀಸುತ್ತ, ಮೂಕನಾಟಕದ ಭೀಮಸೇನನಂತೆ ಮರದಿಂದ ಮರಕ್ಕೆ ಓಡಾಡಿ, ಕೊನೆಯ ಕಾಗೆಯನ್ನೂ ಊರಾಚೆ ಅಟ್ಟಿ ಬಂದ.

ತಿಥಿ ಸಾಂಗವಾಗಿ ನಡೆಯಿತು. ಸೀತಾರಾಮಯ್ಯನವರ ಭೋಜನವೂ ಆಯಿತು. ಇನ್ನು ಉಳಿದದ್ದು ಕಾಗೆಗೆ ಇಡುವ ಪಿಂಡ. ಅದನ್ನು ಕಾಗೆ ಮುಟ್ಟದೆ ಮನೆಯವರು ಉಣ್ಣುವಂತಿಲ್ಲ. ಬಂಡೆಯ ಮೇಲೆ ಪಿಂಡ, ಪಕ್ಕದಲ್ಲಿ ವಡೆ. ಸುತ್ತಮುತ್ತ ಒಂದೇ ಒಂದು ಕಾಗೆಯಿಲ್ಲ!

ಬಿಸಿಲು ಇಳಿಯತೊಡಗಿತು. ಕೌಸಲ್ಯ ಸುಸ್ತಾಗಿ ಮರಕ್ಕೊರಗಿದಳು.

"ಕಾವ್... ಕಾವ್..." ಎಂದು ನಿಯಮ ಮುರಿದು ಕೂಗಿದ ಪಟ್ಟಾಭಿ.

"ಅಟ್ಟಿದೋರು ಕರೆದ್ರೆ ಯಾರು ಬರ್ತಾರೆ?" ಎಂದಳು ಅವಳು, ಕಣ್ಣು ಬಿಡದೆ.

ಅಲಮೇಲಮ್ಮನ ಕಣ್ಣು ತುಂಬಿತು. "ಏನೋ ಮನಸ್ಸಲ್ಲಿ ಕೊರಗು ಇಟ್ಕೊಂಡಿದಾರೆ. ಅದ್ಕೇ ಬರ್ತಿಲ್ಲ."

"ಬರ್ತಾರಮ್ಮಾ, ತಾಳ್ಮೆ ಇರ್ಲಿ," ಎಂದು ಸೀತಾರಾಮಯ್ಯ ತೇಗಿದರು. ಹೊಟ್ಟೆ ತುಂಬಿದವರ ತಾಳ್ಮೆಗೆ ಬರಗಾಲವೇ?

ಆಗ ದಿಬ್ಬದಿಂದ ಒಂದು ಕಡಲಹಕ್ಕಿ ಎದ್ದು, ಒಂದು ಸುತ್ತು ಹೊಡೆದು ನೇರ ಬಂಡೆಯ ಮೇಲೆ ಇಳಿಯಿತು! ಎಲ್ಲರೂ ಪುರೋಹಿತರ ಮುಖ ನೋಡಿದರು. ದೂರದಲ್ಲಿ ಬಸ್ಸಿನ ಹಾರನ್ ಕೇಳಿಸಿತು.

"ಬಿಳೀ ಕಾಗೆ ಅಂತಿಟ್ಕೊಳ್ಳೋಣ. ದೋಷವಿಲ್ಲ," ಎಂದು ಅವರು ಚೀಲ ಎತ್ತಿಕೊಂಡರು.

ಹಕ್ಕಿ ಪಿಂಡದತ್ತ ತಿರುಗಿಯೂ ನೋಡದೆ ವಡೆ ಕಚ್ಚಿತು. ಪಟ್ಟಾಭಿಯೊಳಗಿನ ರೇಡಿಯೊ ಗುಡುಗಿತು. ಟವೆಲ್ ಬೀಸುತ್ತ ನುಗ್ಗಿದ: "ಬೇಡ! ಎಣ್ಣೇಲಿ ಕರ್ದಿದ್ದು! ಮೈಗೆ ಒಳ್ಳೇದಲ್ಲ!"

ವಡೆ ಬಿಟ್ಟು ಹಕ್ಕಿ ಹಾರಿತು.

"ಲೋ ಪಟ್ಟಾಭಿ!" ಅಲಮೇಲಮ್ಮ ಎದ್ದು ನಿಂತಿದ್ದರು. "ಡಾಕ್ಟ್ರು ಹೇಳಿದಾರೆ ಅಂತ ಇದೇ ಮಾತು ಹೇಳಿ ಅವ್ರ ತಟ್ಟೆಯಿಂದ ವಡೆ ಕಿತ್ಕೋತಿದ್ದೆ. ಈಗ ಪಾಪ, ರೆಕ್ಕೆ ಕಟ್ಕೊಂಡು ಬಂದ್ರೂ ತಿನ್ನಕ್ಕೆ ಬಿಡಲ್ವೇನೋ?"

ಟವೆಲ್ ಕೆಳಗಿಳಿಯಿತು. ಪಟ್ಟಾಭಿರಾಮ ತನ್ನ ಕೈಯಾರೆ ಇನ್ನೊಂದು ವಡೆ ತಂದಿಟ್ಟು, ಹಿಂದೆ ಹಿಂದೆ ಸರಿದು, ದೂರದಲ್ಲಿ, ಗದ್ದಲವಿಲ್ಲದೆ, ಕ್ರಮಬದ್ಧವಾಗಿ ನಿಂತ. ಹಕ್ಕಿ ಮರಳಿ ಬಂತು.

ಅಲಮೇಲಮ್ಮ ತಲೆಯ ಮೇಲೆ ಸೆರಗೆಳೆದುಕೊಂಡರು.

"ನಿಧಾನವಾಗಿ ತಿನ್ನಿ," ಎಂದರು. "ಇನ್ನು ಅವ್ನು ಏನೂ ಅನ್ನಲ್ಲ."