ಹೆಣದ ಪಾತ್ರಕ್ಕೆ ನನ್ನನ್ನೇ ಕರೆಯುತ್ತಾರೆ

ನನ್ನ ಕಸುಬಿನಲ್ಲಿ ಇಂಥವು ಆಗದ ವರ್ಷವಿಲ್ಲ. ಆದಾಗ ಸಿಟ್ಟು ಬರುತ್ತದೆ, ಆಮೇಲೆ ನಗು ಬರುತ್ತದೆ, ಅದಕ್ಕೂ ಆಮೇಲೆ ಬರುವುದಕ್ಕೆ ನನಗೆ ಹೆಸರು ಗೊತ್ತಿಲ್ಲ. ನಾನು ನಟಿ, ಸಣ್ಣಪುಟ್ಟ ಸಿನಿಮಾ ಮಾಡುವಾಕೆ, ದೆವ್ವದ ಕಾದಂಬರಿ ಬರೆಯುವಾಕೆ. ಇದರಲ್ಲಿ ಯಾವುದನ್ನೂ ನನಗೆ ಯಾರೂ ಕಲಿಸಲಿಲ್ಲ. ಏಳನೆಯ ತರಗತಿಗೆ ಸಾಲಿ ಬಿಟ್ಟು ಹೊಲಿಗೆ ಮಿಷನ್ ಮುಂದೆ ಕೂತವಳು. ಬ್ಲೌಸಿನ ಅಳತೆ ಬರೆದುಕೊಳ್ಳುವ ಹಾಳೆಯ ಹಿಂದೆ ಅಚ್ಚಾದದ್ದನ್ನು ಓದುತ್ತ ಓದುತ್ತ ಬೀದರಿನ ಲೈಬ್ರರಿಯ ತನಕ ಹೋದವಳು. ಹೀಗೆ ಬೆಳೆದವರಿಗೆ ಹಟ ಸ್ವಲ್ಪ ಜಾಸ್ತಿ. ಕೆಳಗಿನದೆಲ್ಲ ಆ ಹಟದ ಫಲ.

ಮೊದಲ ಸಾವು

ಔರಾದದ ಹತ್ತಿರ ಒಂದು ಸಿನಿಮಾದ ಶೂಟಿಂಗ್ ನಡೆದಿತ್ತು. ನಾನು ಹೋದದ್ದು ಬಟ್ಟೆ ಹೊಲಿಯಲು. ಹೆಣವಾಗಬೇಕಿದ್ದ ಹುಡುಗಿ ಚಟ್ಟ ನೋಡಿದವಳೇ, "ನಾ ಇದರ ಮ್ಯಾಲ ಮಲಗಂಗಿಲ್ರಿ" ಎಂದು ಅಳುತ್ತ ಹೋದಳು. ನಿರ್ದೇಶಕರು ಸುತ್ತ ನೋಡಿದರು. ನಾನೇ ಕೈ ಎತ್ತಿದೆ. ಇವತ್ತು ಹೆಣವಾದರೆ ನಾಳೆ ಮಾತಿನ ಪಾತ್ರ ಸಿಕ್ಕೀತು ಎನ್ನುವುದು ನನ್ನ ಲೆಕ್ಕ.

ಮುಖಕ್ಕೆ ಅರಿಶಿನ, ಕೊರಳಿಗೆ ಹಾರ, ಮೂಗಿಗೆ ಹತ್ತಿ. ಹೆಣದ ಬಳಿ ಫೋನ್ ಇರಬಾರದೆಂದು ಅದನ್ನೂ ಇಸಿದುಕೊಂಡರು. ಚಟ್ಟ ರಸ್ತೆಗೆ ಅಡ್ಡ ಬಂದಾಗ ಭಾಲ್ಕಿಗೆ ಹೋಗುವ ಬಸ್ಸು ಎರಡು ನಿಮಿಷ ನಿಂತಿತು. ಅದರ ಕಿಟಕಿಯಲ್ಲಿ ಕೂತಿದ್ದವರು ಭಾಲ್ಕಿಯ ನಮ್ಮ ಬಾಜೂ ಮನೆಯ ಹೆಂಗಸು, ನಾವೆಲ್ಲ ಕಾಕು ಎಂದು ಕರೆಯುವವರು. ನನಗೆ ಗೊತ್ತಾಗಲಿಲ್ಲ, ನಾನು ಮನಸ್ಸಿಟ್ಟು ಕಣ್ಣು ಮುಚ್ಚಿದ್ದೆ.

ಸಂಜೆ ಮನೆ ಮುಟ್ಟಿದರೆ ಓಣಿಯ ತುಂಬ ಜನ. ಸಾವಾದ ಮನೆಯಲ್ಲಿ ಒಲೆ ಹಚ್ಚುವುದಿಲ್ಲವಲ್ಲ, ಹೆಂಗಸರು ರೊಟ್ಟಿ, ಝುಣಕ, ಅನ್ನ, ಸಾರು ತಂದು ಪಡಸಾಲೆಯಲ್ಲಿ ಇಟ್ಟಿದ್ದರು. ಅಣ್ಣ ನನ್ನ ಹೆಣ ತರಲು ಔರಾದಕ್ಕೆ ಹೋಗಿದ್ದ. ದಾರಿಯಲ್ಲಿ ನಮ್ಮಿಬ್ಬರ ಬಸ್ಸುಗಳು ಎದುರಾಗಿ ಹಾದು ಹೋಗಿರಬೇಕು.

ಅವ್ವ ನನ್ನನ್ನು ನೋಡಿದಳು. ಎದ್ದು ಬಂದು ಮೊದಲು ಒಂದು ಏಟು ಕೊಟ್ಟಳು, ಆಮೇಲೆ ತಬ್ಬಿಕೊಂಡಳು, ಆಮೇಲೆ ಇನ್ನೊಂದು ಏಟು ಕೊಟ್ಟಳು.

"ಕೇಳು" ಅಂದಳು. "ಇನ್ನ ಮ್ಯಾಲ ನೀ ಸಾಯೋ ಸಿನಿಮಾ ನಾ ನೋಡಂಗಿಲ್ಲ. ನಕ್ಕೋತ, ಬದುಕಿರೋದು ಒಂದು ಮಾಡು. ಅವತ್ತು ಮುಂದ ಕುಂತು ನೋಡ್ತೇನಿ."

"ಮಾಡ್ತೇನಿ" ಅಂದೆ. ಒಂದು ಪಾತ್ರ, ಅವ್ವ ಕೂತು ನೋಡುವಂಥದು. ಅಷ್ಟೇ ಕೇಳಿದ್ದು.

ಕಾಕುಗೆ ಬೇರೆ ಚಿಂತೆ. "ಸತ್ತಿಲ್ಲಂದ್ರ ಈ ಅಡಗಿ ಏನ ಮಾಡೋದು? ಸಾವಿನ ಮನಿಗಿ ತಂದದ್ದು ತಿರುಗಿ ಒಯ್ಯಲಾಕ ಬರಂಗಿಲ್ಲ."

ನಾನು ಕೂತು ಉಂಡೆ. ಶೂಟಿಂಗಿನಲ್ಲಿ ಹೆಣಕ್ಕೆ ಊಟ ಕೊಡುವುದನ್ನು ಯಾರೂ ನೆನಪಿಡುವುದಿಲ್ಲ.

ಲಟ್ಟಣಿಗೆ

ಆ ಹೆಣ ಬಹಳ ಸಹಜವಾಗಿತ್ತಂತೆ. ಮುಂದೆ ಯಾರಿಗೆ ಹೆಣ ಬೇಕಾದರೂ, ದೆವ್ವ ಬೇಕಾದರೂ ನನಗೇ ಫೋನು. ಬೀದರಿನಲ್ಲಿ ಬೇರೆ ಮನೆ ಮಾಡಿದೆ. ಬಾವಿಗೆ ಬಿದ್ದೆ, ಬೆಂಕಿಗೆ ಬಿದ್ದೆ, ಹಾವು ಕಡಿಸಿಕೊಂಡೆ. ಅವ್ವ ಒಂದನ್ನೂ ನೋಡಲಿಲ್ಲ.

ಕೊನೆಗೊಮ್ಮೆ ಬೆಂಗಳೂರಿನ ಒಂದು ಧಾರಾವಾಹಿಯಲ್ಲಿ ಬದುಕಿರುವ ಪಾತ್ರ ಸಿಕ್ಕಿತು. ಉತ್ತರ ಕರ್ನಾಟಕದ ಅತ್ತಿಗೆ. ರೊಟ್ಟಿ ಮಾಡುತ್ತ ಮಾಡುತ್ತ ಜೋರಾಗಿ ನಗಬೇಕು. ಅವ್ವನಿಗೆ ಅದು ಟಿವಿಯಲ್ಲಿ ಬರುವ ದಿನ, ಹೊತ್ತು ಎಲ್ಲ ಹೇಳಿ ಹೋದೆ.

ಸೆಟ್ಟಿನಲ್ಲಿ ನನ್ನ ಮುಂದೆ ಜೋಳದ ಹಿಟ್ಟು ಇಟ್ಟರು. ಪಕ್ಕದಲ್ಲಿ ಮಣೆ, ಲಟ್ಟಣಿಗೆ, ಎಣ್ಣೆಯ ಬಟ್ಟಲು.

"ಇದೇನ್ರಿ?" ಅಂದೆ.

"ರೊಟ್ಟಿ ಲಟ್ಟಿಸಿ ಮೇಡಂ."

"ಜೋಳದ ರೊಟ್ಟಿ ಕೈಲೆ ಬಡೀತಾರ್ರಿ. ಲಟ್ಟಸಂಗಿಲ್ಲ. ಎಣ್ಣಿ ಅಂತೂ ಹಚ್ಚಂಗೇ ಇಲ್ಲ."

"ಬಡಿದ್ರೆ ಸೌಂಡ್ ಬರುತ್ತೆ, ಡೈಲಾಗ್ ಕೇಳಲ್ಲ. ಯಾರಿಗ್ ಗೊತ್ತಾಗುತ್ತೆ ಮೇಡಂ?"

"ನಮ್ಮ ಇಡೀ ಜಿಲ್ಲಾಕ್ಕ ಗೊತ್ತಾಗ್ತದ್ರಿ."

ಅವರು ಬಿಡಲಿಲ್ಲ, ನಾನೂ ಬಿಡಲಿಲ್ಲ. ಮಧ್ಯಾಹ್ನದ ಹೊತ್ತಿಗೆ ಸೀರೆ ಬಿಚ್ಚಿಕೊಟ್ಟು, ನನ್ನ ಬ್ಯಾಗು ಹೆಗಲಿಗೇರಿಸಿ ಬಂದುಬಿಟ್ಟೆ. ಬೀದರಿನ ರೈಲಿನಲ್ಲಿ ಕೂತಾಗ ಎದೆ ಇಷ್ಟಗಲ ಆಗಿತ್ತು. ನಮ್ಮ ನಾಡಿನ ಮಾನ ಉಳಿಸಿದ್ದೆ.

ಅವ್ವನಿಗೆ ಹೇಳುವುದಕ್ಕೆ ನಾಲಗೆ ಏಳಲಿಲ್ಲ. ಹೇಳಿದ ದಿನ, ಹೇಳಿದ ಹೊತ್ತಿಗೆ ಅವಳು ಓಣಿಯವರನ್ನೆಲ್ಲ ಕರೆದು, ಚುರುಮುರಿ ಹಚ್ಚಿಕೊಟ್ಟು, ಟಿವಿಯ ಮುಂದೆ ಕೂತಿದ್ದಳು. ಬೇರೆ ಯಾರೋ ಹೆಂಗಸು ಲಟ್ಟಣಿಗೆ ಹಿಡಿದು ಜೋರಾಗಿ ನಕ್ಕಳು.

ನಾನು ಹೋಗಿ ಎಲ್ಲ ವಿವರಿಸಿದೆ. ಲಟ್ಟಣಿಗೆ, ಎಣ್ಣೆ, ನಾಡಿನ ಮಾನ. ಅವ್ವ ಪೂರ್ತಿ ಕೇಳಿದಳು.

"ರೊಟ್ಟಿ ನೋಡ್ಲಾಕ ಯಾರ ಕುಂತಿದ್ರು?" ಅಂದಳು. "ರೊಟ್ಟಿ ನಾವು ಮನ್ಯಾಗ ದಿನಾ ನೋಡ್ತೇವಿ."

ಮೊದಲ ಪುಟ

ಕಾದಂಬರಿ ನಾನೇ ಬರೆದು ನಾನೇ ಅಚ್ಚು ಹಾಕಿಸಿದೆ. ಒಬ್ಬ ಪ್ರಕಾಶಕರು ಕೊನೆಯ ಅಧ್ಯಾಯ ತಿದ್ದಿ ಅಂದಿದ್ದರು. ಅವರ ಮನೆಯ ಮೆಟ್ಟಿಲನ್ನು ಮತ್ತೆ ಹತ್ತಲಿಲ್ಲ. ಕತೆ ಸಾಯಗಾಂವ ಕಡೆಯ ಒಂದು ಹಾಳು ಬಾವಿಯದು. ಬಾವಿ ನನ್ನ ಕಲ್ಪನೆ. ಆದರೆ ಪುಸ್ತಕ ಬಂದ ಕೆಲವು ದಿನಕ್ಕೆ ಆ ಕಡೆಯ ರೈತರೊಬ್ಬರು ಮನೆ ಹುಡುಕಿಕೊಂಡು ಬಂದರು.

"ಅಕ್ಕೋರೆ, ನಮ್ಮ ಬಾವಿ ನಿಮಗ ಏನ ಮಾಡಿತ್ರಿ?"

"ಅದು ನಿಮ್ಮ ಬಾವಿ ಅಲ್ರಿ."

"ಬೇವಿನ ಗಿಡ ಅದ, ಮುರದ ಮೆಟ್ಟಲ ಅದ, ಬಾಜೂಕ ತೊಗರಿ ಹೊಲ ಅದ. ನಮ್ಮದೇ. ತೊಗರಿ ಕೊಯ್ಲಾಕ ಒಂದು ಹೆಣ್ಣಾಳು ಬರಲೊಲ್ದು. ಎರಡನೇ ಸಲ ಅಚ್ಚ ಹಾಕಸೂಮುಂದ ದೆವ್ವನ ಮುಂದಿನ ಊರಿಗಿ ಕಳಸ್ರಿ. ಅಲ್ಲಿ ನನ್ನ ಭಾವನ ಬಾವಿ ಅದ."

ಇದನ್ನು ಅವ್ವನಿಗೆ ಹೇಳಿ ನಗಿಸೋಣ ಎಂದು ಪುಸ್ತಕ ಹಿಡಿದು ಹೋದೆ. ಅವಳಿಗೆ ಓದು ಬಾರದು. ಪುಸ್ತಕವನ್ನು ಸೆರಗಿನಿಂದ ಒರೆಸಿ, ಮೂಸಿ ನೋಡಿ ಕೇಳಿದಳು: "ಇದ್ರಾಗಾದ್ರೂ ಬದುಕಿರ್ತಾಳೋ ಇಲ್ಲೋ?"

"ಮೊದಲನೇ ಪುಟದಾಗೇ ಸಾಯ್ತಾಳವ್ವಾ."

"ಮತ್ತ ಇಷ್ಟ ದಪ್ಪ ಯಾಕ ಆಗ್ಯಾದ?"

"ಸತ್ತ ಮ್ಯಾಲ ದೆವ್ವ ಆಗಿ ಊರೂರು ತಿರಗ್ತಾಳ."

ಅವ್ವ ಪುಸ್ತಕವನ್ನು ನನ್ನ ಕೈಗೆ ಕೊಟ್ಟಳು. "ಬದುಕಿದ್ದಾಗ ನಿನ್ನಂಗೇ ಇದ್ದಳು ಅನ್ನಸ್ತದ."

ಓದಿ ಹೇಳಲೇನು ಎಂದು ನಾನು ಕೇಳಬಹುದಿತ್ತು. ಕೇಳಲಿಲ್ಲ. ನನಗೆ ಸಿಟ್ಟು ಬಂದಿತ್ತು.

ಆಧಾರ್ ಕಾರ್ಡಿನ ಫೋಟೋ

ಅಣ್ಣನ ಮಗಳ ತೊಟ್ಟಿಲ ಕಾರ್ಯ ಭಾಲ್ಕಿಯಲ್ಲಿ. ಕೂಸಿನ ಕಿವಿಯಲ್ಲಿ ಹೆಸರು ಹೇಳಬೇಕಾದವಳು ಸೋದರತ್ತೆ, ಅಂದರೆ ನಾನು. ಅದೇ ದಿನ ಔರಾದದಲ್ಲಿ ನನ್ನ ದೆವ್ವದ ಶೂಟಿಂಗು. ಎರಡೂ ಮಾಡುತ್ತೇನೆ ಎಂದು ಹಟ ಹಿಡಿದೆ. ಕೆಲಸ ಮುಗಿದಾಗ ಬಸ್ಸು ಹೊರಡುವುದರಲ್ಲಿತ್ತು; ಔರಾದಕ್ಕೆ ರೈಲಿಲ್ಲ, ಆ ಬಸ್ಸು ತಪ್ಪಿದರೆ ಹೆಸರು ತಪ್ಪಿದಂತೆ. ಬಿಳಿ ಸೀರೆ, ಸುಣ್ಣದಂಥ ಮುಖ, ಕಣ್ಣಿನ ಕೆಳಗೆ ಕಾಡಿಗೆ, ಬಾಯಂಚಿಗೆ ರಕ್ತ. ಹಾಗೇ ಹತ್ತಿದೆ.

ಕಂಡಕ್ಟರ್ ಬಂದ. ಹೆಂಗಸರಿಗೆ ಟಿಕೆಟ್ ಫ್ರೀ, ಆಧಾರ್ ತೋರಿಸಬೇಕು. ತೋರಿಸಿದೆ. ಅವನು ಕಾರ್ಡು ನೋಡಿದ, ನನ್ನನ್ನು ನೋಡಿದ, ಮತ್ತೆ ಕಾರ್ಡು ನೋಡಿದ.

"ಫೋಟೋದಾಗ ಬದುಕಿರೋರು ಅದಾರ್ರಿ."

"ನಾನೇರಿ ಅದು. ಸಿನಿಮಾದ ಬಣ್ಣ ಇದು."

"ಮುಖ ಹೊಂದಲಿಕ್ಕತ್ತಿಲ್ರಿ. ನಾಳಿಗಿ ಚೆಕಿಂಗ್‌ದವರು ಬಂದ್ರ ನಾ ಏನ ಹೇಳ್ಲಿ? ದೆವ್ವಕ್ಕ ಫ್ರೀ ಕೊಟ್ಟೆ ಅನ್ಲೇನು?"

ಹಿಂದಿನ ಸೀಟಿನ ಮುದುಕಿ ನನ್ನ ಪರವಾಗಿ ಎದ್ದಳು. "ಹೆಣ್ಣು ದೆವ್ವ ಅದಲ್ಲೋ ತಮ್ಮಾ. ಸೀರಿ ಕಾಣಂಗಿಲ್ಲೇನು? ಕೊಡು ಟಿಕೆಟ್!"

ಟಿಕೆಟ್ ಸಿಕ್ಕಿತು. ಹೆಸರು ಸಿಗಲಿಲ್ಲ. ನಾನು ಮುಟ್ಟುವಷ್ಟರಲ್ಲಿ ಹೊತ್ತು ಮೀರಿತೆಂದು ಬಾಜೂ ಮನೆಯ ಕಾಕುವೇ ಕೂಸಿನ ಕಿವಿಯಲ್ಲಿ ಹೆಸರು ಹೇಳಿ ಮುಗಿಸಿದ್ದರು. ಬಂದವರು ನನ್ನನ್ನು ಕಂಡು ಗೋಡೆಗೆ ಸರಿದರು. ಕೂಸು ಮಾತ್ರ ನನ್ನನ್ನೇ ನೋಡುತ್ತ, ಬಾಯಗಲಿಸಿ ಕಾಲಾಡಿಸುತ್ತಿತ್ತು.

"ಮುಖ ತೊಳ್ಕೊಂಡು ಬಾ" ಅಂದಳು ಅವ್ವ. "ಆಕಿಗಿ ಅತ್ತಿ ಮುಖ ಗೊತ್ತಾಗಲಿ."

ತೊಳೆದುಕೊಂಡು ಬಂದೆ. ಕೂಸು ಒಂದು ಸಲ ನೋಡಿ, ಓಣಿಗೆಲ್ಲ ಕೇಳುವಂತೆ ಚೀರತೊಡಗಿತು.

ಹಾಡ್ಯಾಡಿ ಅಳುವುದು

ಇದು ನನ್ನದೇ ಸಿನಿಮಾ. ಕತೆ ನನ್ನದು, ನಿರ್ದೇಶನ ನನ್ನದು, ಬಟ್ಟೆ ಹೊಲಿದದ್ದೂ ನಾನೇ. ಈ ಸಲವಾದರೂ ನಾಯಕಿಯನ್ನು ಬದುಕಿಸಬಹುದಿತ್ತು, ತಡೆಯುವವರು ಯಾರೂ ಇರಲಿಲ್ಲ. ಆದರೆ ಸತ್ತರೇ ಕತೆಗೆ ಬಲ ಎಂದು ನನಗೆ ಅನಿಸಿತ್ತು. ಸತ್ತೆ.

ಭಾಲ್ಕಿಯ ನಮ್ಮ ಮನೆಯಲ್ಲೇ ಶೂಟಿಂಗು. ಹೆಣದ ಮುಂದೆ ತಾಯಿ ಅಳಬೇಕು. ನಮ್ಮ ಕಡೆ ಸುಮ್ಮನೆ ಅಳುವುದಿಲ್ಲ. ಹೋದವರ ಗುಣ ಹೇಳಿ ಹೇಳಿ, ರಾಗ ಎಳೆದು, ಹಾಡ್ಯಾಡಿ ಅಳುತ್ತಾರೆ. ತಾಯಿಯ ಪಾತ್ರದವರು ಆ ದಿನ ಬರಲೇ ಇಲ್ಲ. ಬಾಡಿಗೆಯ ಕ್ಯಾಮೆರಾ ಸಂಜೆಯ ತನಕ ಮಾತ್ರ. ನಾನು ಅವ್ವನ ಮುಖ ನೋಡಿದೆ.

"ಬದುಕಿದ ಮಗಳ ಮುಂದ ಹಂಗ ಅಳಬಾರದು" ಅಂದಳು.

"ಕೆಲಸ ನಿಂತೋಗ್ತದವ್ವಾ."

ಅವ್ವ ಬಂದು ನನ್ನ ಪಕ್ಕದಲ್ಲಿ ಕೂತಳು. ಗುಣ ಹೇಳಿ ಅಳಲು ಬಾಯಿ ಬರಲಿಲ್ಲವೇನೋ, ಇದ್ದದ್ದನ್ನೇ ಹೇಳಿ ಶುರು ಮಾಡಿದಳು.

"ಎಲ್ಲಿಗಿ ಹೋದ್ಯವ್ವಾ ನನ ಮಗಳೇ... ಬೀಗರು ಬಂದ್ರ ಬಾಗಿಲ ಹಾಕ್ಕೊಂಡು ಪುಸ್ತಕ ಓದ್ತಿದ್ಯವ್ವಾ... ಬಂದ ವರಗೋಳಿಗೆಲ್ಲ ಚಾ ಕುಡಿಸಿ ಕಳಿಸಿದ್ಯವ್ವಾ... ಯಾರ ಮಾತೂ ಕೇಳಲಿಲ್ಲವ್ವಾ..."

ಕ್ಯಾಮೆರಾದವನು ಉಸಿರು ಬಿಗಿ ಹಿಡಿದದ್ದು ನನಗೆ ಕೇಳುತ್ತಿತ್ತು. ನಾನು ಹಲ್ಲು ಕಚ್ಚಿ ಹೆಣವಾಗಿಯೇ ಇದ್ದೆ.

"ಹಬ್ಬಕ್ಕ ಬರ್ತೇನಂದಿ, ಬರಲಿಲ್ಲವ್ವಾ... ಒಂದು ಫೋನಾದ್ರೂ ಮಾಡಲಿಲ್ಲವ್ವಾ..."

ಹೆಣ ಎದ್ದು ಕೂತಿತು. "ಮಂಗಳವಾರ ಮಾಡಿದ್ನಲ್ಲ!"

ಅವ್ವ ರಾಗ ಬಿಟ್ಟಳು. "ಎರಡ ನಿಮಿಷ ಮಾತಾಡಿದಿ!"

"ಸಿಗ್ನಲ್ ಇರಲಿಲ್ಲ!"

"ಇದ್ದಾಗ ಎಷ್ಟ ಮಾತಾಡಿದಿ ಹೇಳು!"

ಮೂಗಿನಲ್ಲಿ ಹತ್ತಿ ಇಟ್ಟುಕೊಂಡು, ಕೊರಳಲ್ಲಿ ಹಾರ ಹಾಕಿಕೊಂಡು ನಾನು ವಾದ ಮಾಡುತ್ತಿದ್ದೆ. ಕ್ಯಾಮೆರಾದವನು ನೆಲಕ್ಕೆ ಕೂತೇಬಿಟ್ಟ. ಮೊದಲು ಅವ್ವ ನಕ್ಕಳು, ಆಮೇಲೆ ನಾನು. ಹತ್ತಿ ಹಾರಿ ಹೋಗಿ ಅವಳ ಮಡಿಲಿಗೆ ಬಿತ್ತು. ಕ್ಯಾಮೆರಾ ಅಷ್ಟೂ ಹೊತ್ತು ಓಡುತ್ತಲೇ ಇತ್ತು.

ಎರಡನೆಯ ಸಲ ಅವ್ವ ಒಂದು ಮಾತನ್ನೂ ಆಡದೆ ಅತ್ತಳು. ಅದನ್ನು ಸಿನಿಮಾಕ್ಕೆ ಇಟ್ಟುಕೊಂಡೆ. ಮೊದಲನೆಯದನ್ನು ಆ ಸಂಜೆಯೇ ಅಳಿಸಿದೆ. ನಿರ್ದೇಶಕಿ ಹೆಣವಾಗಿ ಎದ್ದು ಕೂತದ್ದು ಹೊರಗೆ ಹೋದರೆ ನನ್ನ ಮರ್ಯಾದೆ ಏನಾದೀತು?

ಮರುದಿನ ಮುಂಜಾನೆ ಅವ್ವ ಮೊರದಲ್ಲಿ ತೊಗರಿಬೇಳೆ ಹಸನು ಮಾಡುತ್ತ ಕೂತಿದ್ದಳು.

"ನಿನ್ನಿದು ತೋರಸು."

"ಯಾವುದವ್ವಾ?"

"ನೀ ಎದ್ದು ನಕ್ಕಿದ್ಯಲ್ಲ, ಅದು. ಅದನ್ನ ನೋಡ್ತೇನಿ."

ಇಷ್ಟು ವರ್ಷದಲ್ಲಿ ಅವ್ವ ತಾನಾಗಿ ತೋರಿಸು ಎಂದು ಕೇಳಿದ್ದು ಅದೊಂದೇ.

"ಅಳಿಸಿಬಿಟ್ಟೆ" ಅಂದೆ.

ಅವಳ ಕೈ ಬೇಳೆಯ ಮೇಲೆ ನಿಂತಿತು. "ಸತ್ತದ್ದೆಲ್ಲ ಜತನ ಮಾಡಿ ಇಟ್ಕೊಂಡಿ. ಬದುಕಿದ್ದು ಒಂದೇ ಇತ್ತು, ಅದನ್ನ ಅಳಿಸಿದಿ."

ನಾನು ಗಡಿಯಾರ ನೋಡಿ ಎದ್ದೆ. ಬೀದರಿಗೆ ಹೋಗುವುದಿತ್ತು.

ಅವ್ವ ಮೊರವನ್ನು ಬದಿಗೆ ಸರಿಸಿ, ಮೂಲೆಯ ಚಾಪೆ ತಂದು ಪಡಸಾಲೆಯ ನಡುವೆ ಹಾಸಿದಳು.

"ಮಲಕೋ."

"ಯಾಕವ್ವಾ?"

"ನಿನ್ನಿ ಅರ್ಧಾನೇ ಹೇಳಿದ್ದೆ. ಇನ್ನೂ ಭಾಳ ಅದ."

"ಕ್ಯಾಮೆರಾ ವಾಪಸ್ ಹೋತವ್ವಾ. ನನಗೂ ಬಸ್ಸಿನ ಟೈಮ್ ಆಯ್ತು."

"ಮಲಕೋ ಅಂದೆ" ಅಂದಳು ಅವ್ವ, ಸೆರಗು ಸರಿಮಾಡಿಕೊಂಡು ಚಾಪೆಯ ಪಕ್ಕದಲ್ಲಿ ಕೂಡುತ್ತ. "ಹೆಣಕ್ಕ ಬಸ್ಸಿನ ಟೈಮ್ ಆಗಂಗಿಲ್ಲ."