ಮಾವನ ಡ್ರಮ್ಮಿನ ಗೆರೆಗಳು

ಕಿಕ್ಕೇರಿಯ ನಮ್ಮ ಸೋದರಮಾವನ ಮನೆಯಲ್ಲಿ ನಿಮಗೆ ಕಾಫಿ ಸಿಗುತ್ತಿದ್ದುದು ನಿಮ್ಮ ಯೋಗ್ಯತೆಯಿಂದಲ್ಲ, ಸಗಣಿಯ ಯೋಗ್ಯತೆಯಿಂದ!

ಮಾವ ಹೈಸ್ಕೂಲಿನಲ್ಲಿ ವಿಜ್ಞಾನದ ಮೇಷ್ಟ್ರು. ತೊಂಬತ್ತರ ಸುಮಾರಿಗೆ ಕೊಟ್ಟಿಗೆಯ ಹಿಂದೆ ಗೋಬರ್ ಗ್ಯಾಸಿನ ಗುಂಡಿ ಕಟ್ಟಿಸಿದರು. ಗುಂಡಿಯ ಮೇಲೆ ಬೋರಲು ಹಾಕಿದ ಕಬ್ಬಿಣದ ಡ್ರಮ್ಮು ಗ್ಯಾಸು ತುಂಬಿದರೆ ಏರುತ್ತದೆ, ಉರಿಸಿದರೆ ಇಳಿಯುತ್ತದೆ. ಅಷ್ಟಕ್ಕೆ ಸುಮ್ಮನಿರಬಾರದೇ? ಸಂಕ್ರಾಂತಿಗೆ ಎತ್ತಿನ ಕೊಂಬಿಗೆ ಬಳಿದು ಮಿಕ್ಕ ಕೆಂಪು ಬಣ್ಣದಲ್ಲಿ ಡ್ರಮ್ಮಿಗೆ ಗೆರೆ ಎಳೆದು, ಮೇಲಿನದಕ್ಕೆ ‘ಎರಡು ಕಾಫಿ’, ಅದರ ಕೆಳಗಿನದಕ್ಕೆ ‘ಮುದ್ದೆ, ಸಾರು’ ಎಂದು ಬರೆದರು. ಡ್ರಮ್ಮು ಏರಿದಷ್ಟೂ ಕೆಳಗಿನ ಗೆರೆಗಳು ಕಾಣುತ್ತವೆ; ಯಾವ ಗೆರೆಯವರೆಗೆ ಸಗಣಿಯಿಂದ ಮೇಲೆದ್ದಿದೆಯೋ ಅಷ್ಟೇ ಆ ಹೊತ್ತಿನ ಆತಿಥ್ಯ. ಹೊಗೆಯೆಂದರೆ ದಂಡವಾದ ಶಾಖ ಎಂದು ಸೌದೆ ಒಲೆಯನ್ನು ಹಿತ್ತಿಲಿಗೆ ಗಡೀಪಾರು ಮಾಡಿದ್ದರು.

ನನ್ನನ್ನು ನೋಡಲು ಪಾಂಡವಪುರದಿಂದ ಗಂಡಿನ ಕಡೆಯವರು ಏಳು ಜನ ಅಲ್ಲಿಗೇ ಬಂದರು. ಮಾವ ಹಿಂದಕ್ಕೆ ಹೋಗಿ ಡ್ರಮ್ಮು ನೋಡಿ ಬಂದು, "ಎರಡು ಕಾಪಿಗಾಗೋ ಅಷ್ಟೇ ಅದೆ. ಕಾಪಿ ಯಾರ್ಗೆ, ಮಜ್ಗೆ ಯಾರ್ಗೆ, ನೀವೇ ಮಾತಾಡ್ಕಳಿ" ಎಂದರು.

ನಾಚಿಕೆಯಿಂದ ನನಗೆ ಅಳುವೇ ಬಂತು. "ಸೌದೆ ಒಲೆನಾದ್ರೂ ಅಚ್ಬಾರ್ದಾ ಮಾವ?" ಎಂದೆ.

"ಮೀಥೇನು ಕಣಮ್ಮಿ. ಒಂದು ಇಂಗಾಲ, ನಾಕು ಜಲಜನಕ. ಉರುದ್ರೆ ಎಷ್ಟು ಶಾಖ ಕೊಡ್ಬೇಕೋ ಅಷ್ಟೇ ಕೊಡ್ತದೆ. ನೆಂಟ್ರ ಮಖ ನೋಡಿ ಜಾಸ್ತಿ ಕೊಡಾಕಿಲ್ಲ."

ಮಜ್ಜಿಗೆ ಪಾಲಿಗೆ ಬಂದ ಹುಡುಗನೇ ಇವತ್ತು ನನ್ನ ಯಜಮಾನರು!

ಮದುವೆಯಾಗಿ ನಾಗಮಂಗಲ ಸೇರಿದೆ. ಅಲ್ಲೇ ಆಫೀಸು, ಸಂಸಾರ. ಹಬ್ಬಕ್ಕೆ ಕಿಕ್ಕೇರಿಗೆ ಹೋಗಿಬರುತ್ತಿದ್ದೆ. ಒಂದು ವರ್ಷ ಯುಗಾದಿಗೆ ಬರುತ್ತೇನೆಂದು ಮಾವನಿಗೆ ಕಾಗದ ಬರೆದವಳು ಹೋಗಲಿಲ್ಲ. ಹೋದದ್ದು ಎರಡು ತಿಂಗಳಾದ ಮೇಲೆ, ಅವರು ತೀರಿಕೊಂಡಾಗ.

ಸಾವಿನ ಮನೆಯಲ್ಲಿ ಒಲೆ ಹಚ್ಚುವಂತಿಲ್ಲ. ಉರಿಸುವವರಿಲ್ಲದೆ ಡ್ರಮ್ಮು ಪೂರ್ತಿ ಎದ್ದು ನಿಂತಿತ್ತು. ಎಲ್ಲಕ್ಕಿಂತ ಕೆಳಗೆ ಇನ್ನೊಂದು ಗೆರೆ, ಬರಹವಿಲ್ಲದ್ದು.

"ಇದ್ಯಾವ ಗೆರೆ ಅತ್ತೆ?" ಮಾವನ ಹೆಂಡತಿಯನ್ನು ಕೇಳಿದೆ.

"ಅದು ನಿಂದು ಕಣವ್ವ. ಮದ್ವೆ ಆದ್ಮೇಲೆ ನೀನು ಬತ್ತೀಯ ಅಂದ್ರೆ ಎಲ್ಡು ದಿನ ಸೌದೇಲೇ ಅಡ್ಗೆ ಮಾಡುಸ್ತಿದ್ರು. ನೀನು ಬರೋ ಅಷ್ಟೊತ್ಗೆ ಅಲ್ಲೀಗಂಟ ಏರ್ಬೇಕು. ಮೀಯಾಕೆ ಬಿಸ್ನೀರು, ಒಬ್ಬಟ್ಟು, ಬೇಕಾದಷ್ಟು ಸಲ ಕಾಪಿ."

"ಈ ಯುಗಾದೀಲಿ?"

ಅತ್ತೆ ಸೆರಗಿನಲ್ಲಿ ಮುಖ ಒರೆಸಿಕೊಂಡರು.

"ಗ್ಯಾಸು ತುಂಬಿ ಡ್ರಮ್ಮಿನ ಪಕ್ಕದಿಂದ ಬುಳುಬುಳು ಅಂತ ಆಚೆಗೆ ಓಯ್ತಿತ್ತು. ಮೂರು ದಿನ ನೋಡ್ಕಂಡು ಅಲ್ಲೇ ಕುಂತಿದ್ರು. ಗ್ಯಾಸಿನ ಒಲೆ ಮಾತ್ರ ಅಚ್ಚಾಕೆ ಬುಡ್ನಿಲ್ಲ."