ಗೆರೆ ಮೇಲೊಂದು ಕಾಲು

ಅಣ್ಣ: ಅವನಿಗೆ ಹೇಳು. ಈ ಮನೆಯವನು ಅಂತ ಹೇಳ್ಕೊಳೋಕೆ ನಾಚಿಕೆ ಆಗಲ್ವಾ ಅಂತ ಕೇಳು.

ತಮ್ಮ: ಅತ್ತಿಗೆ, ನಾನೆಲ್ಲಿ ಹೇಳ್ಕೊಂಡೆ? ಕೇಳ್ತಿರೋದು ಟಿವಿ. ‘ಈ ಟಿವಿ ನಿಮ್ಮ ಮನೆಯದಲ್ಲ ಎಂದು ತೋರುತ್ತದೆ. ನೀವು ಈ ಮನೆಯವರೇ ಆಗಿದ್ದರೆ ಕೋಡ್ ಹಾಕಿ’ ಅಂತ ಬರ್ಕೊಂಡು ನಿಂತ್ಬಿಟ್ಟಿದೆ.

ಅಣ್ಣ: ಬುದ್ಧಿವಂತ ಟಿವಿ. ನನಗೆ ಯಾವಾಗಲೋ ಗೊತ್ತಾಗಿದ್ದು ಅದಕ್ಕೆ ಇವತ್ತು ಗೊತ್ತಾಗಿದೆ.

ಅತ್ತಿಗೆ ಹೊಲಿಗೆ ಯಂತ್ರದ ಮುಂದೆ ಕೂತು ಯಾರದೋ ಪ್ಯಾಂಟಿನ ಅಂಚು ಮಡಚುತ್ತಿದ್ದಳು. ಎಡಗಡೆ ಕುರ್ಚಿಯಲ್ಲಿ ಗಂಡ, ಬಲಗಡೆ ಮಹಡಿ ಮೆಟ್ಟಿಲಿನ ಕೆಳಗಿನ ಹಂತದಲ್ಲಿ ಮೈದುನ. ಇಬ್ಬರ ನಡುವೆ ಒಂದು ಮಾರು ದೂರವೂ ಇರಲಿಲ್ಲ. ಆದರೂ ಈ ಕಡೆಯ ಮಾತು ಆ ಕಡೆಗೆ ಹೋಗಬೇಕಾದರೆ ಅವಳ ಮೂಲಕವೇ ಹೋಗಬೇಕಾಗಿತ್ತು.

ಗಂಡ ಬೀಗ ರಿಪೇರಿ ಮಾಡುವವನು. ಊರಿನ ಯಾವ ಬೀಗ ಕೊಟ್ಟರೂ ತೆಗೆಯುತ್ತಿದ್ದ, ತನ್ನ ಬಾಯಿಯದೊಂದನ್ನು ಬಿಟ್ಟು. ಮೈದುನ ಗೋಡೆಗೆ ಬಣ್ಣ ಹೊಡೆಯುವವನು, ಇನ್ನೂ ಮದುವೆಯಾಗಿರಲಿಲ್ಲ. ಇಬ್ಬರಿಗೂ ಬಾಸ್ಕೆಟ್‌ಬಾಲ್ ಎಂದರೆ ಪ್ರಾಣ, ಇಬ್ಬರಿಗೂ ನೀಲಿ ತಂಡವೇ ಬೇಕು. ಅಂಥವರು ಆರೇಳು ತಿಂಗಳ ಹಿಂದೆ ಒಂದು ಪಂದ್ಯದ ನಡುವೆ ಜಗಳವಾಡಿ ಮಾತು ಬಿಟ್ಟರು. ಮೈದುನ ಆ ಕ್ಷಣವೇ ತನ್ನ ಟಿವಿಯ ಪ್ಲಗ್ ಕಿತ್ತು, ಅದನ್ನು ಮಗುವಿನಂತೆ ಎತ್ತಿಕೊಂಡು ಮಹಡಿ ಕೋಣೆಗೆ ಹೋದ. ಆಟ ತೋರಿಸುವ ಆ್ಯಪಿನ ಖಾತೆ ಮಾತ್ರ ಅಣ್ಣನ ಹೆಸರಿನಲ್ಲಿ, ಅಣ್ಣನ ಫೋನಿನಲ್ಲಿ ಉಳಿಯಿತು. ಹೀಗೆ ಪೆಟ್ಟಿಗೆ ಒಬ್ಬನದು, ಬೀಗದಕೈ ಇನ್ನೊಬ್ಬನದು ಆಯಿತು.

ಅತ್ತಿಗೆಯ ಪಾಲಿಗೆ ಬಂದದ್ದು ಮೆಟ್ಟಿಲು. ಮೈದುನ ಊಟಕ್ಕೆ ಕೆಳಗೆ ಕೂರುವುದಿಲ್ಲ ಎಂದ ಮೇಲೆ ತಟ್ಟೆ ಮೇಲಕ್ಕೆ ಹೋಗಬೇಕು. ತಟ್ಟೆ ತಾನಾಗಿ ಹತ್ತುವುದಿಲ್ಲ. ಅವಳ ಮಂಡಿ ಈಗೀಗ ಹೊಲಿಗೆ ಯಂತ್ರಕ್ಕಿಂತ ಜೋರಾಗಿ ಕಟಕಟ ಎನ್ನುತ್ತಿತ್ತು. ಇವತ್ತು ಫೈನಲ್. ಇವತ್ತು ಆ ಟಿವಿ ಕೆಳಗಿಳಿಯದಿದ್ದರೆ ಇನ್ನು ಯಾವತ್ತೂ ಇಳಿಯುವುದಿಲ್ಲ ಎಂದು ಅವಳಿಗೆ ಅನ್ನಿಸಿತ್ತು.

ಅತ್ತಿಗೆ: (ಮೈದುನನ ಕಡೆ ತಿರುಗಿ) ನಿಮ್ಮಣ್ಣ ಕೇಳ್ತಿದಾರೆ, ಚೆನ್ನಾಗಿದೀಯೇನಪ್ಪಾ ಅಂತ.

ಅಣ್ಣ: ನಾನು ಹಾಗಂದ್ನಾ?

ಅತ್ತಿಗೆ: ಬೈಗುಳ ತೆಗೆದು ಮಿಕ್ಕಿದ್ದು ಹೇಳಿದೆ.

ತಮ್ಮ: ಅತ್ತಿಗೆ, ಅವನಂದಿದ್ದು ನನಗೆ ಕೇಳಿಸ್ತು.

ಅತ್ತಿಗೆ: ಕೇಳಿಸಿದ್ರೆ ನೇರ ಉತ್ತರ ಕೊಡು. ನನ್ನನ್ಯಾಕೆ ಅಂಚೆ ಡಬ್ಬ ಮಾಡ್ತೀರಿ?

ತಮ್ಮ: ಕೇಳಿಸ್ತು. ಆದ್ರೆ ನಾನು ಕೇಳಿಸ್ಕೊಂಡಿಲ್ಲ.

ಅಣ್ಣ: ಅವನಿಗೆ ಹೇಳು, ಇಷ್ಟು ದಿನ ಕೇಳದೇ ಇದ್ದ ಕೋಡು ಇವತ್ತು ಯಾಕೆ ಕೇಳ್ತಿದೆ ಅಂತ ಯೋಚನೆ ಮಾಡ್ಲಿ. ಮನೆಯಲ್ಲಿ ಇಂಟರ್ನೆಟ್ ಇದ್ದೂ ಮೊನ್ನೆ ಮಹಡಿಗೆ ಬೇರೆ ಲೈನ್ ಎಳೆಸ್ಕೊಂಡೋರು ಯಾರು? ಬೇರೆ ಲೈನಿನವನು ಬೇರೆ ಮನೆಯವನೇ.

ತಮ್ಮ: ಅಣ್ಣನಿಗೆ ಹೇಳಿ, ಯಾಕೆ ಎಳೆಸಿದೆ ಅಂತ. ಪಂದ್ಯದ ಕೊನೇ ನಿಮಿಷಕ್ಕೆ ಸರಿಯಾಗಿ ಕೆಳಗೆ ವೈಫೈ ಡಬ್ಬಿ ಆಫ್ ಮಾಡೋರು ಯಾರು?

ಅಣ್ಣ: ಡಬ್ಬಿ ಬಿಸಿಯಾಗಿತ್ತು. ಆರಲಿ ಅಂತ ತೆಗೆದೆ.

ತಮ್ಮ: ಪ್ರತಿ ಸಲ ಕೊನೇ ನಿಮಿಷದಲ್ಲೇ ಬಿಸಿಯಾಗುತ್ತಾ?

ಅಣ್ಣ: ಆಟ ಹಾಗಿರುತ್ತೆ. ಡಬ್ಬಿಗೂ ತಡೆಯೋಕಾಗಲ್ಲ.

ಅತ್ತಿಗೆ: ರೀ, ಡಬ್ಬಿ ಆರಿಸಿದ್ರೆ ಫೋನಲ್ಲಿ ನಿಮ್ಮ ಆಟಾನೂ ನಿಲ್ಲುತ್ತಲ್ರೀ! ತನ್ನದೊಂದು ಕಣ್ಣು ಹೋದ್ರೂ ಚಿಂತೆಯಿಲ್ಲ, ತಮ್ಮನ ಎರಡೂ ಹೋಗ್ಲಿ ಅಂತಲಾ?

ಅಣ್ಣ: ನನಗೆಲ್ಲಿದೆ ಆಟ? ಆ ಫೋನಿನ ಗಾಜು ಒಡೆದ ಮೇಲೆ ಚೆಂಡು ಬಿರುಕಿನೊಳಗೆ ಹೋದ್ರೆ ಆಚೆ ಬರೋದೇ ಇಲ್ಲ. ಯಾರು ಎಸೆದ್ರು, ಯಾರು ಹಿಡಿದ್ರು, ಎಲ್ಲ ಊಹೆ.

ಅಷ್ಟರಲ್ಲಿ ಅವನ ಅಂಗಿ ಜೇಬಿನಲ್ಲಿ ಫೋನು ಟಿಂಗ್ ಎಂದಿತು. ಮೈದುನ ಮೆಟ್ಟಿಲ ಮೇಲೆ ಚಂಗನೆ ಎದ್ದು ನಿಂತ.

ತಮ್ಮ: ಬಂತು! ಕೋಡ್ ಬಂತು! ಅತ್ತಿಗೆ, ಬೇಗ ಓದೋಕೆ ಹೇಳಿ, ತಡ ಮಾಡಿದ್ರೆ ಸತ್ತುಹೋಗುತ್ತೆ!

ಅತ್ತಿಗೆ: ರೀ, ಯಾರೋ ಸಾಯ್ತಿದಾರಂತೆ, ಓದ್ರೀ.

ಅಣ್ಣ: ಓದ್ತೀನಿ. ಮೊದಲು ಒಪ್ಕೊಳ್ಳಲಿ. ಏಣಿಯ ಕಾಲು ಗೆರೆ ಮೇಲಿತ್ತು ಅಂತ.

ಏಣಿ ಎಂದರೆ ನೀಲಿ ತಂಡದ ಎತ್ತರದ ಆಟಗಾರನಿಗೆ ಈ ಮನೆಯಲ್ಲಿ ಇಟ್ಟ ಹೆಸರು. ಜಗಳ ಹುಟ್ಟಿದ್ದೇ ಅವನ ಕಾಲಿನಿಂದ. ಆಟದ ಅಂಗಳದ ಬಾಗಿದ ಗೆರೆಯಿಂದ ಆಚೆ ನಿಂತು ಬುಟ್ಟಿಗೆ ಎಸೆದರೆ ಮೂರು ಅಂಕ. ಗೆರೆಯನ್ನು ಚೂರು ತುಳಿದಿದ್ದರೂ ಎರಡೇ. ಅವತ್ತು ಏಣಿ ದೂರದಿಂದ ಎಸೆದ, ಚೆಂಡು ಬುಟ್ಟಿಗೆ ಬಿತ್ತು. ಮೂರು ಎಂದು ತಮ್ಮ ಕುಣಿದ. ಕಾಲು ಗೆರೆ ಮೇಲಿತ್ತು, ಎರಡು ಎಂದು ಅಣ್ಣ ಗದರಿದ. ಅಲ್ಲಿಗೆ ಮನೆಯ ನಡುವೆಯೂ ಒಂದು ಗೆರೆ ಬಿತ್ತು.

ತಮ್ಮ: ಕಾಲು ಆಚೆ ಇತ್ತು. ಗೆರೆಗೂ ಕಾಲಿಗೂ ನಡುವೆ ನನ್ನ ಅಗಲದ ಬ್ರಷ್ ಆಡಿಸೋಷ್ಟು ಜಾಗ ಇತ್ತು.

ಅಣ್ಣ: ಗೋಡೆಗೊಂದು ನೆಟ್ಟಗೆ ಗೆರೆ ಎಳೆಯೋಕೆ ಟೇಪ್ ಅಂಟಿಸ್ಕೊಳೋನು ನನಗೆ ಗೆರೆ ಪಾಠ ಹೇಳ್ತಾನೆ!

ತಮ್ಮ: ನೋಡಿ ಅತ್ತಿಗೆ, ಊರಿನ ಬೀಗಾನೆಲ್ಲ ತೆಗೀತಾನೆ, ಒಂದು ಮೆಸೇಜ್ ತೆಗೆಯೋಕೆ ಬರಲ್ಲ.

ಈ ಮಾತು ನಾಟಿತು. ಬೀಗದವನಿಗೆ ಏನು ಬೇಕಾದರೂ ಅನ್ನಬಹುದು, ತೆಗೆಯಲು ಬರುವುದಿಲ್ಲ ಎಂದು ಮಾತ್ರ ಅನ್ನಬಾರದು.

ಅಣ್ಣ: ಬರಲ್ವಾ? ಬರಲ್ವಾ ನನಗೆ? ಹೇಳು ಅವನಿಗೆ, ಬರ್ಕೊಳ್ಳಲಿ. ನಾಲ್ಕು. ಒಂಬತ್ತು. ಒಂದು. ಕೊನೇದು ಎರಡು.

ಮೈದುನ ಮೆಟ್ಟಿಲನ್ನು ಹಾರಿಕೊಂಡೇ ಮೇಲೆ ಹೋದ, ಹಾರಿಕೊಂಡೇ ಕೆಳಗೆ ಬಂದ.

ತಮ್ಮ: ತಪ್ಪಂತೆ! ಇನ್ನೊಂದು ಸಲ ತಪ್ಪು ಹಾಕಿದ್ರೆ ಇವತ್ತಿಡೀ ಬಾಗಿಲು ತೆಗೆಯಲ್ವಂತೆ! ಎಲ್ಲಿ, ತೋರ್ಸು. ಇದು ಎರಡಾ? ಮೂರು ಕಣೋ ಇದು!

ಅಣ್ಣ: ಎರಡು.

ತಮ್ಮ: ಮೂರು!

ಅಣ್ಣ: ಬಿರುಕಿನ ಈಚೆಯಿಂದ ನೋಡು. ಎರಡು.

ತಮ್ಮ: ಬಿರುಕಿನ ಆಚೆಯಿಂದ ನೋಡು, ಮೂರು!

ಅಣ್ಣ: ನಿನಗೆ ಹುಟ್ಟಿದಾಗಿಂದ ಎಲ್ಲಾನೂ ಒಂದು ಜಾಸ್ತಿನೇ ಕಾಣ್ಸೋದು.

ತಮ್ಮ: ನಿನಗೆ ಒಂದು ಕಮ್ಮಿ ಕಾಣ್ಸೋದು. ನನ್ನ ತಟ್ಟೇಲಿರೋದು ಮಾತ್ರ ಜಾಸ್ತಿ ಕಾಣ್ಸೋದು.

ಅತ್ತಿಗೆಯ ಕಾಲು ಹೊಲಿಗೆ ಯಂತ್ರದ ಪೆಡಲಿನ ಮೇಲೆ ಹಾಗೇ ನಿಂತಿತು. ಒಂದು ಫೋನಿನ ಮೇಲೆ ಎರಡು ತಲೆ. ಮಾತು ಅವಳನ್ನು ಬಿಟ್ಟು ನೇರವಾಗಿ ಓಡಾಡುತ್ತಿತ್ತು, ಇಬ್ಬರಿಗೂ ಅದರ ಪರಿವೆ ಇರಲಿಲ್ಲ. ಉಸಿರು ಬಿಟ್ಟರೆ ಎಲ್ಲಿ ನೆನಪಾಗಿಬಿಡುತ್ತದೋ ಎಂದು ಅವಳು ಚಕ್ರವನ್ನು ಸದ್ದಾಗದಂತೆ ಕೈಯಲ್ಲಿ ಹಿಡಿದಳು. ಆಮೇಲೆ ಎದ್ದು ಬಂದು ಫೋನು ಕಸಿದುಕೊಂಡಳು. ಬೆರಳಿನಿಂದ ಮೆಸೇಜನ್ನು ಒಂದಿಷ್ಟು ಮೇಲಕ್ಕೆ ತಳ್ಳಿದಳು. ಅಂಕಿ ಬಿರುಕಿನಿಂದ ಜಾರಿ ಬಯಲಿಗೆ ಬಂತು. ನೋಡಿ ನಕ್ಕು, ಮತ್ತೆ ಹೋಗಿ ಕೂತು, ಫೋನನ್ನು ಹೊಲಿಯುತ್ತಿದ್ದ ಪ್ಯಾಂಟಿನಲ್ಲಿ ಸುತ್ತಿ ಮಡಿಲಲ್ಲಿ ಇಟ್ಟುಕೊಂಡಳು.

ಅಣ್ಣ: ಎಷ್ಟೇ?

ತಮ್ಮ: ಎಷ್ಟು ಅತ್ತಿಗೆ?

ಅತ್ತಿಗೆ: ಎರಡೂ ಅಲ್ಲ, ಮೂರೂ ಅಲ್ಲ. ಟಿವಿ ಕೆಳಗೆ ಬಂದ ಮೇಲೆ ಹೇಳ್ತೀನಿ.

ತಮ್ಮ: ಅಷ್ಟರಲ್ಲಿ ಕೋಡ್ ಸತ್ತುಹೋಗುತ್ತೆ ಅತ್ತಿಗೆ!

ಅತ್ತಿಗೆ: ಅದು ಸತ್ರೆ ಇನ್ನೊಂದು ಹುಟ್ಟುತ್ತೆ. ನನ್ನ ಮಂಡಿ ಹೋದ್ರೆ ಇನ್ನೊಂದು ಹುಟ್ಟಲ್ಲ. ಹೋಗಿ, ಇಬ್ಬರೂ ಹಿಡ್ಕೊಂಡು ಬನ್ನಿ.

ಇಬ್ಬರೂ ಮುಖ ಮುಖ ನೋಡಿಕೊಂಡರು. ಆಟ ಶುರುವಾಗಲು ಹೆಚ್ಚು ಹೊತ್ತಿರಲಿಲ್ಲ. ಬಿಗುಮಾನ ದೊಡ್ಡದೋ ಫೈನಲ್ ದೊಡ್ಡದೋ ಎಂದು ಅಳೆದು ನೋಡಿದಂತೆ ನಿಂತು, ಕೊನೆಗೆ ಒಬ್ಬರ ಹಿಂದೆ ಒಬ್ಬರು ಮೆಟ್ಟಿಲು ಹತ್ತಿದರು. ಸ್ವಲ್ಪ ಹೊತ್ತಿಗೆ ಮೇಲಿನಿಂದ ದನಿಗಳು ಇಳಿದು ಬಂದವು.

ಅಣ್ಣ: ನಿನ್ನ ಕಡೆ ಎತ್ತೋ!

ತಮ್ಮ: ಎತ್ತಿದೀನಿ, ನೀನು ಇಳಿಸು!

ಅಣ್ಣ: ಇಳಿಸಿದ್ರೆ ಕಾಲ ಮೇಲೆ ಬೀಳುತ್ತೆ!

ತಮ್ಮ: ಯಾರ ಕಾಲು?

ಅಣ್ಣ: ಇನ್ಯಾರದು, ಗೆರೆ ಮೇಲಿರೋ ಕಾಲು!

ತಮ್ಮ: ಗೋಡೆ, ಗೋಡೆ! ಆ ಬಣ್ಣ ಹೊಡೆದಿದ್ದು ನಾನು!

ಟಿವಿ ತನ್ನ ಹಳೆಯ ಸ್ಟೂಲಿನ ಮೇಲೆ ಕೂತಿತು. ಮೈದುನ ವೈರು ಸಿಕ್ಕಿಸಿ, ಮನೆಯ ವೈಫೈಗೆ ಸೇರಿಸಿ, ಕೋಡಿಗೆ ಕಾದು ನಿಂತ. ಟಿವಿ ಏನೂ ಕೇಳಲಿಲ್ಲ. ನೇರವಾಗಿ ಬಾಗಿಲು ತೆರೆಯಿತು.

ತಮ್ಮ: ಇದೇನು, ಕೋಡ್ ಕೇಳ್ತಾನೇ ಇಲ್ಲ?

ಅತ್ತಿಗೆ: ಮನೆಗೆ ಬಂತಲ್ಲ, ಗುರುತು ಹಿಡೀತು. ಕೆಲವರಿಗಿಂತ ವಾಸಿ.

ಅಣ್ಣ: ಅದಿರ್ಲಿ, ಕೊನೇ ಅಂಕಿ ಎಷ್ಟಿತ್ತೇ?

ಅತ್ತಿಗೆ: ಐದು. ನೀವು ಹೇಳಿದ್ದನ್ನೂ ಅವನು ಹೇಳಿದ್ದನ್ನೂ ಕೂಡಿಸಿದ್ರೆ ಬರೋದು. ನೀವು ಕೂಡೋ ಪೈಕಿ ಅಲ್ಲವಲ್ಲ, ಅದಕ್ಕೇ ಹೊಳೀಲಿಲ್ಲ.

ಫೈನಲ್ ಇನ್ನೂ ಶುರುವಾಗಿರಲಿಲ್ಲ. ಪರದೆಯ ಮೇಲೆ ಹಳೆಯ ಪಂದ್ಯಗಳ ಚಿತ್ರಗಳು ಸಾಲಾಗಿ ನಿಂತಿದ್ದವು. ‘ಅರ್ಧಕ್ಕೆ ಬಿಟ್ಟಿದ್ದೀರಿ, ಮುಂದುವರಿಸಿ’ ಎಂಬ ಸಾಲಿನ ತುದಿಯಲ್ಲಿ ನೀಲಿ ಅಂಗಿಯ ಏಣಿ ಕಾಣಿಸಿದ.

ಅಣ್ಣ: ಇದು ಅವತ್ತಿನ ಪಂದ್ಯ ಅಲ್ವೇನೋ?

ತಮ್ಮ: ಹೂಂ.

ಅಣ್ಣ: ಇಷ್ಟು ದಿನ ನಿನ್ನ ಟಿವಿಯಲ್ಲೇ ಇತ್ತು. ಯಾಕೆ ಒತ್ತಿ ನೋಡಲಿಲ್ಲ?

ತಮ್ಮ: ಒತ್ತಿ, ಕಾಲು ಗೆರೆ ಮೇಲಿದ್ದುಬಿಟ್ಟಿದ್ರೆ? ನೀನ್ಯಾಕೆ ಫೋನಲ್ಲಿ ನೋಡಲಿಲ್ಲ?

ಅಣ್ಣ: ಗಾಜು ಒಡೆದಿತ್ತಲ್ಲ.

ತಮ್ಮ: ಗಾಜು ಒಡೆದಿದ್ದು ಹೋದ ತಿಂಗಳು.

ಅಣ್ಣ: ಅದಕ್ಕೆ ಮುಂಚೆ ಪುರುಸೊತ್ತಿರಲಿಲ್ಲ.

ಇವರನ್ನು ನೆಚ್ಚಿಕೊಂಡರೆ ಬೆಳಗಾಗುತ್ತದೆ ಎಂದು ಅತ್ತಿಗೆ ತಾನೇ ರಿಮೋಟು ತೆಗೆದುಕೊಂಡು ಒತ್ತಿ, ಆಟವನ್ನು ಸ್ವಲ್ಪ ಹಿಂದಕ್ಕೆ ಓಡಿಸಿದಳು. ಏಣಿ ಚೆಂಡು ಹಿಡಿದು ಬಂದ. ಅಣ್ಣ ತಮ್ಮ ಟಿವಿಗೆ ಮೂಗು ಹಚ್ಚುವಷ್ಟು ಬಗ್ಗಿದರು. ಕಾಲು ಕಾಣಬೇಕಾದ ಹೊತ್ತಿಗೆ ಸರಿಯಾಗಿ ಎದುರಾಳಿಯೊಬ್ಬನ ಅಗಲವಾದ ಬೆನ್ನು ಅಡ್ಡ ಬಂತು. ಪೀ ಎಂದು ಸೀಟಿ ಕೇಳಿಸಿತು. ಆಮೇಲೆ ಚೆಂಡು ಬುಟ್ಟಿಗೆ ಬಿತ್ತು.

ಅತ್ತಿಗೆ: ಇದೇನು, ಈ ರೆಫರಿ ದಾರ ಸುತ್ತೋರ ಥರ ಎರಡೂ ಕೈ ಸುತ್ತುತ್ತಿದಾನೆ?

ತಮ್ಮ: (ಮೆಲ್ಲಗೆ) ಟ್ರಾವೆಲಿಂಗ್ ಅಂತ. ಚೆಂಡು ಪುಟಿಸದೆ ಎರಡಕ್ಕಿಂತ ಜಾಸ್ತಿ ಹೆಜ್ಜೆ ಹಾಕಿದ ಅಂತ. ಎಸೆಯೋಕೆ ಮುಂಚೆನೇ ಸೀಟಿ ಊದಿದಾನೆ.

ಅತ್ತಿಗೆ: ನೀವಿಬ್ರೂ ಕಿರುಚಾಡ್ತಿದ್ದಾಗ ಸೀಟಿ ಎಲ್ಲಿ ಕೇಳಬೇಕು! ಅಂದ್ರೆ ಆ ಬುಟ್ಟಿಗೆ ಎಷ್ಟು? ಎರಡಾ, ಮೂರಾ?

ಅಣ್ಣ ಮೂಲೆಯಲ್ಲಿ ಮಿಣಿಮಿಣಿ ಎನ್ನುತ್ತಿದ್ದ ವೈಫೈ ಡಬ್ಬಿಯ ಕಡೆ ಕಣ್ಣು ತಿರುಗಿಸಿದ.

ಅಣ್ಣ: ಸೊನ್ನೆ.

ಅತ್ತಿಗೆ: ಸೊನ್ನೆ! ಒಂದು ಸೊನ್ನೆ ಹೊತ್ಕೊಂಡು ನಾನು ಇಷ್ಟು ತಿಂಗಳು ಮೆಟ್ಟಿಲು ಹತ್ತಿದ್ನಾ?

ಅಣ್ಣ: ಲೋ, ಇರು. ಅದು ಟ್ರಾವೆಲಿಂಗಾ?

ತಮ್ಮ: ಅದನ್ನೇ ನಾನೂ ನೋಡ್ತಿದೀನಿ ಅಣ್ಣಾ. ಎಲ್ಲಿಯ ಟ್ರಾವೆಲಿಂಗು!

ಅಣ್ಣ: ಎರಡೇ ಹೆಜ್ಜೆ ಇಟ್ಟಿದ್ದು!

ತಮ್ಮ: ಎರಡೂ ಇಲ್ಲ, ಒಂದೂವರೆ! ರೆಫರಿಗೆ ಕಣ್ಣು ಹಣೆ ಮೇಲಿದ್ವು.

ಅಣ್ಣ: ನಮ್ಮ ಹುಡುಗನ ಬುಟ್ಟಿ ನುಂಗಿಬಿಟ್ಟ ಕಣೋ!

ತಮ್ಮ: ನೀನು ಹೇಳಿದ್ದು ಸರಿ ಅಣ್ಣಾ!

ಅಣ್ಣ ತಮ್ಮ ಒಬ್ಬರ ಹೆಗಲ ಮೇಲೆ ಒಬ್ಬರು ಕೈ ಹಾಕಿಕೊಂಡು ರೆಫರಿಯ ವಂಶವನ್ನೆಲ್ಲ ವಿಚಾರಿಸಿಕೊಂಡರು. ಅತ್ತಿಗೆ ಅಲ್ಲಿಗೆ ಸುಮ್ಮನಿದ್ದರೆ ಚೆನ್ನಾಗಿತ್ತು. ಅವಳಿಗೆ ಬೇಕಾದದ್ದೆಲ್ಲ ಸಿಕ್ಕಿತ್ತು. ಆದರೆ ಇಷ್ಟು ದಿನ ಬೇರೆಯವರ ಮಾತನ್ನೇ ಹೊತ್ತ ನಾಲಿಗೆ, ತನ್ನದೂ ಒಂದು ಇರಲಿ ಎಂದು ತುರಿಸಿತು.

ಅತ್ತಿಗೆ: ರೆಫರಿ ಸರಿಯಾಗೇ ಹೇಳಿದಾನೆ. ಮೂರು ಹೆಜ್ಜೆ. ನಾನು ಕಣ್ಣಾರೆ ನೋಡಿದೆ.

ಎರಡು ತಲೆಗಳು ಒಟ್ಟಿಗೆ ಅವಳ ಕಡೆ ತಿರುಗಿದವು, ಒಟ್ಟಿಗೆ ಟಿವಿಯ ಕಡೆ ಮರಳಿದವು.

ಅಣ್ಣ: ಲೋ, ನಿಮ್ಮತ್ತಿಗೆಗೆ ಹೇಳು. ಆಟ ಗೊತ್ತಿಲ್ಲದೋರು ಮಧ್ಯೆ ಬಾಯಿ ಹಾಕಬಾರದು ಅಂತ.

ತಮ್ಮ: ನೀನೇ ಹೇಳು ಅಣ್ಣಾ. ನಾನು ಅತ್ತಿಗೆ ಜೊತೆ ಮಾತು ಬಿಟ್ಟಿದೀನಿ.

ಅಣ್ಣ: ನಾನೂ ಬಿಟ್ಟೆ.

ತಮ್ಮ: ಮತ್ತೆ ಹೇಳೋರು ಯಾರು?

ಏಣಿ ಎಷ್ಟು ಹೆಜ್ಜೆ ಇಟ್ಟಿದ್ದನೋ ಅತ್ತಿಗೆಗೆ ನಿಜವಾಗಿ ಗೊತ್ತಿರಲಿಲ್ಲ. ಆ ಹೊತ್ತಿನಲ್ಲಿ ಅವಳು ನೋಡುತ್ತಿದ್ದದ್ದು ಏಣಿಯನ್ನಲ್ಲ, ಒಟ್ಟಿಗೆ ಬಗ್ಗಿದ್ದ ಎರಡು ಬೆನ್ನುಗಳನ್ನು. ಈಗ ಅದನ್ನು ಹೇಳುವ ಗೋಜಿಗೆ ಹೋಗದೆ ಪ್ಯಾಂಟನ್ನು ನೀಟಾಗಿ ಮಡಚಿಟ್ಟು, ಅಡುಗೆಮನೆಗೆ ಹೋಗಿ, ಒಳಗಿನಿಂದ ಅಗುಳಿ ಹಾಕಿಕೊಂಡಳು.

ಫೈನಲ್ಲಿನ ನಡುವಿನ ಬಿಡುವು ಬರುವ ಹೊತ್ತಿಗೆ ಒಗ್ಗರಣೆಯ ವಾಸನೆ ಪಡಸಾಲೆಯ ತುಂಬ ಹರಡಿತ್ತು. ಬಾಗಿಲ ಆಚೆ ಎರಡು ಜೊತೆ ಕಾಲುಗಳ ಸದ್ದು ಬಂದು ನಿಂತಿತು. ಅತ್ತಿಗೆ ಸೌಟು ಹಿಡಿದೇ ಕಿವಿಗೊಟ್ಟಳು.

ತಮ್ಮ: ಅಣ್ಣಾ, ನೀನು ಬೀಗದವನಲ್ವಾ? ತೆಗಿ.

ಅಣ್ಣ: ಒಳಗಿಂದ ಹಾಕಿದ ಅಗುಳಿಗೆ ಬೀಗದಕೈ ಎಲ್ಲಿಂದ ತರ್ಲೋ?

ಅತ್ತಿಗೆ: (ಒಳಗಿನಿಂದ) ನೀವು ಈ ಮನೆಯವರೇ ಆಗಿದ್ದರೆ ಕೋಡ್ ಹಾಕಿ.

ತಮ್ಮ: ಅತ್ತಿಗೆ, ಏನು ಕೋಡು?

ಅತ್ತಿಗೆ: ಏಣಿ ಎಷ್ಟು ಹೆಜ್ಜೆ ಇಟ್ಟ? ಇಬ್ಬರೂ ಒಟ್ಟಿಗೆ ಹೇಳಬೇಕು.

ಆಚೆ ಪಿಸುಪಿಸು ನಡೆಯಿತು. ಒಬ್ಬನ ಹೊಟ್ಟೆ ಗುಡುಗಿದ್ದು ಬಾಗಿಲಿನ ಈಚೆಗೂ ಕೇಳಿಸಿತು. ಕೊನೆಗೆ ಅಣ್ಣ ಗಂಟಲು ಸರಿಮಾಡಿಕೊಂಡ.

ಇಬ್ಬರೂ: ಎರಡೂವರೆ!

ಅತ್ತಿಗೆ: ಕೋಡ್ ತಪ್ಪಾಗಿದೆ. ಇನ್ನೊಮ್ಮೆ ಪ್ರಯತ್ನಿಸಿ.